ಕಾಮಿಕ್ಸ್ ಸಿನಿಮಾಗಳ ಪೋಷಕ ನಟನೆಯನ್ನು ನೋಡುವುದು ಹೇಗೆ

'ದಿ ಡಾರ್ಕ್ ನೈಟ್' (2008) ಎಂದ ಕೂಡಲೇ ಬಾಯಿಗೆ ಬರುವ ಹೆಸರು ಹೀತ್ ಲೆಡ್ಜರ್. 'ರೋಡ್ ಟು ಪರ್ಡಿಷನ್' (2002) ಎಂದರೆ ಪಾಲ್ ನ್ಯೂಮನ್. ಕಾಮಿಕ್ಸ್‌ನಿಂದ ಬಂದ ಈ ಎರಡು ಸಿನಿಮಾಗಳಲ್ಲೂ ನಾಯಕರು ಬೇರೆ, ನೆನಪಿನಲ್ಲಿ ಉಳಿದವರು ಬೇರೆ. ಆದರೆ ಅವರು ನಿಖರವಾಗಿ ಏನು ಮಾಡಿದರು ಎಂದು ಹೇಳಲು ಹೊರಟರೆ "ಸಖತ್ತಾಗಿ ಮಾಡಿದ್ದಾರೆ" ಎಂಬಲ್ಲಿಗೇ ಮಾತು ನಿಂತುಬಿಡುತ್ತದೆ. ವಿಮರ್ಶೆ ಬರೆಯುವವರಿಗೆ, ನಾಟಕ ತಂಡಗಳಲ್ಲಿ ನಟನೆ ಕಲಿಯುತ್ತಿರುವವರಿಗೆ, ಫಿಲ್ಮ್ ಸೊಸೈಟಿಯಲ್ಲಿ ಚರ್ಚೆ ನಡೆಸುವವರಿಗೆ ಅಷ್ಟು ಸಾಲದು. ಇಲ್ಲಿರುವ ಕ್ರಮ ಒಂದು ನಂಬಿಕೆಯ ಮೇಲೆ ನಿಂತಿದೆ: ಪೋಷಕ ನಟನ ತೂಕ ಗೊತ್ತಾಗುವುದು ಎದುರಿಗಿರುವವರ ಮುಖದಲ್ಲಿ. ಆದ್ದರಿಂದ ಕಣ್ಣು ಅರ್ಧ ಹೊತ್ತು ಅಲ್ಲಿರಬೇಕು.

ಮೊದಲು ಸಿದ್ಧ ಮಾಡಿಕೊಳ್ಳಬೇಕಾದ್ದು

ಮೊಬೈಲ್ ಪರದೆ ಬೇಡ. ಕಣ್ಣಿನ ಚಲನೆ, ತುಟಿಯ ಅಂಚು ಅದರಲ್ಲಿ ಕಾಣುವುದಿಲ್ಲ. ಲ್ಯಾಪ್‌ಟಾಪ್ ಆದರೂ ಸರಿ, ಟಿವಿ ಇದ್ದರೆ ಒಳ್ಳೆಯದು, ಜೊತೆಗೆ ಒಂದು ಜೊತೆ ಇಯರ್‌ಫೋನ್. ಡಬ್ಬಿಂಗ್ ಆದ ಆವೃತ್ತಿಯಲ್ಲಿ ಕಥೆ ತಿಳಿಯುತ್ತದೆ, ನಟನೆ ತಿಳಿಯುವುದಿಲ್ಲ. ಧ್ವನಿ ಇನ್ನೊಬ್ಬರದಾದರೆ ಅರ್ಧ ಅಭಿನಯ ಹೋದಂತೆಯೇ, ಹಾಗಾಗಿ ಮೂಲ ಭಾಷೆಯಲ್ಲೇ ನೋಡಿ. ಮೊದಲ ಸಲ ಸಬ್‌ಟೈಟಲ್ ಇರಲಿ. ಎರಡನೇ ಸಲದಿಂದ ತೆಗೆದುಬಿಡಿ, ಇಲ್ಲದಿದ್ದರೆ ಕಣ್ಣು ಪರದೆಯ ಕೆಳಗೇ ಸುತ್ತುತ್ತಿರುತ್ತದೆ.

ಒಂದು ನೋಟ್‌ಪುಸ್ತಕದಲ್ಲಿ ನಾಲ್ಕು ಕಾಲಂ ಹಾಕಿಕೊಳ್ಳಿ: ಪಾತ್ರ ಬಂದ ಸಮಯ, ಹೋದ ಸಮಯ, ಎದುರಿಗೆ ಯಾರಿದ್ದರು, ಪಾತ್ರ ಹೊರಡುವ ಹೊತ್ತಿಗೆ ಏನು ಬದಲಾಗಿತ್ತು. ಮೊದಲ ಮೂರನ್ನು ಯಾರು ಬೇಕಾದರೂ ತುಂಬಬಹುದು. ನಾಲ್ಕನೆಯದನ್ನು ತುಂಬಲು ಕಷ್ಟವಾದರೆ ಆ ದೃಶ್ಯವನ್ನು ಇನ್ನೊಮ್ಮೆ ನೋಡಬೇಕು.

ಕಾಮಿಕ್ಸ್ ಓದಿ, ಆದರೆ ಪಟ್ಟಿ ಮಾಡಬೇಡಿ

ಮೂಲ ಪುಸ್ತಕ ಸಿಕ್ಕರೆ ನೀವು ಗಮನಿಸುತ್ತಿರುವ ಪಾತ್ರ ಬರುವ ಪುಟಗಳನ್ನಷ್ಟೇ ಓದಿದರೂ ಸಾಕು. ಉಡುಪು, ಕೂದಲು, ಬಣ್ಣ ಹೊಂದುತ್ತದೆಯೇ ಎಂದು ಟಿಕ್ ಹಾಕುತ್ತಾ ಕೂರುವುದು ಎಲ್ಲರೂ ಮಾಡುವ ಕೆಲಸ, ಅದರಿಂದ ನಟನೆಯ ಬಗ್ಗೆ ಏನೂ ಸಿಗುವುದಿಲ್ಲ. ಕಾಮಿಕ್ಸ್‌ನಲ್ಲಿ ಒಂದು ಚೌಕಟ್ಟಿನಲ್ಲಿ ಪಾತ್ರ ಕೈ ಎತ್ತಿರುತ್ತದೆ, ಮುಂದಿನದರಲ್ಲಿ ಏಟು ಬಿದ್ದಿರುತ್ತದೆ. ಎರಡರ ನಡುವೆ ಇರುವುದು ಖಾಲಿ ಬಿಳಿ ಪಟ್ಟಿ. ನಟ ತುಂಬಬೇಕಾದ್ದು ಆ ಪಟ್ಟಿಯನ್ನು. ಕೈ ಎತ್ತುವ ಮೊದಲು ಹಿಂಜರಿದನೇ, ಏಟು ಬಿದ್ದ ಮೇಲೆ ಎಲ್ಲಿ ನೋಡಿದ ಎಂಬುದನ್ನು ಗಮನಿಸಿ.

ಪಾತ್ರವನ್ನೇ ತಿರುವಿಹಾಕಿದ ಸಿನಿಮಾಗಳೂ ಇವೆ. ಡೇವಿಡ್ ಕ್ರೊನೆನ್‌ಬರ್ಗ್ ಅವರ 'ಎ ಹಿಸ್ಟರಿ ಆಫ್ ವಯಲೆನ್ಸ್' (2005) ಜಾನ್ ವ್ಯಾಗ್ನರ್ ಮತ್ತು ವಿನ್ಸ್ ಲಾಕ್ ಅವರ ಗ್ರಾಫಿಕ್ ಕಾದಂಬರಿಯಿಂದ ಬಂದದ್ದು. ಪುಸ್ತಕದಲ್ಲಿ ರಿಚಿ ನಾಯಕನ ಹಳೆಯ ಗೆಳೆಯ, ಚಿತ್ರಹಿಂಸೆಗೆ ಬಲಿಯಾದವನು. ಸಿನಿಮಾದಲ್ಲಿ ಅವನೇ ಅಣ್ಣ, ಅವನೇ ಗ್ಯಾಂಗಿನ ಯಜಮಾನ. ಇಂಥ ಕಡೆ ಹೋಲಿಕೆ ಕೈಬಿಟ್ಟು ಪರದೆಯ ಮೇಲಿರುವುದನ್ನು ಮಾತ್ರ ಲೆಕ್ಕಕ್ಕೆ ತೆಗೆದುಕೊಳ್ಳಿ. ವಿಲಿಯಂ ಹರ್ಟ್ ಈ ಪಾತ್ರದಲ್ಲಿ ಹತ್ತು ನಿಮಿಷವೂ ಕಾಣಿಸಿಕೊಳ್ಳುವುದಿಲ್ಲ, ಬರುವುದೂ ಸಿನಿಮಾ ಮುಗಿಯುವ ಹೊತ್ತಿಗೆ. ಆದರೂ ಆಸ್ಕರ್ ನಾಮನಿರ್ದೇಶನ ಸಿಕ್ಕಿತು. ತಮ್ಮನನ್ನು ಅಪ್ಪಿಕೊಂಡು ಪ್ರೀತಿಯಿಂದ ಮಾತಾಡಿಸುವವನು, ಅವನನ್ನು ಕೊಲ್ಲಲು ಹೋಗಿ ತನ್ನವರು ಎಡವಟ್ಟು ಮಾಡಿದಾಗ ರೇಗುವ ರೀತಿ ನೋಡಿ. ಕೆಲಸ ಕೆಡಿಸಿದ ಆಳುಗಳ ಮೇಲೆ ಅಂಗಡಿ ಯಜಮಾನ ಸಿಡುಕುವ ಹಾಗೆ ಇದೆ ಆ ಸಿಟ್ಟು. ಭಯವೂ ನಗುವೂ ಒಟ್ಟಿಗೆ ಹುಟ್ಟುವುದು ಅಲ್ಲಿಂದಲೇ.

ಒಂದೇ ದೃಶ್ಯ, ಐದು ಸುತ್ತು

ಇಡೀ ಸಿನಿಮಾವನ್ನು ಒಮ್ಮೆ ನಿಲ್ಲಿಸದೆ ನೋಡಿ. ಎರಡನೇ ಸಲ ಗಡಿಯಾರ ಇಟ್ಟುಕೊಂಡು ಕಾಲಂ ತುಂಬಿ. 152 ನಿಮಿಷದ 'ದಿ ಡಾರ್ಕ್ ನೈಟ್'ನಲ್ಲಿ ಲೆಡ್ಜರ್ ಅಭಿನಯದ ಖಳ ಜೋಕರ್ ಪರದೆಯ ಮೇಲಿರುವುದು ಹೆಚ್ಚುಕಡಿಮೆ ಅರ್ಧ ಗಂಟೆ. ಲೆಕ್ಕ ಹಾಕಿದ ಯಾರಿಗೂ ಮೊದಲು ನಂಬಿಕೆ ಬರುವುದಿಲ್ಲ. ಅವನಿಲ್ಲದ ದೃಶ್ಯಗಳಲ್ಲೂ ಜನ ಅವನ ಬಗ್ಗೆಯೇ ಮಾತಾಡುತ್ತಿರುತ್ತಾರೆ. ಅಂಥ ಕಡೆ ಅಂಚಿನಲ್ಲಿ ಒಂದು ಚುಕ್ಕೆ ಇಡಿ, ಬರೆಯುವಾಗ ಬೇಕಾಗುತ್ತದೆ.

ಆಮೇಲೆ ಮೂರರಿಂದ ಐದು ನಿಮಿಷದ ಒಂದು ದೃಶ್ಯ ಆರಿಸಿಕೊಳ್ಳಿ. ಪೊಲೀಸ್ ಠಾಣೆಯ ವಿಚಾರಣೆಯ ದೃಶ್ಯ ಅಭ್ಯಾಸಕ್ಕೆ ಬಹಳ ಅನುಕೂಲ: ಒಂದು ಕೋಣೆ, ಒಂದು ಮೇಜು, ಮೂವರು ನಟರು.

ಮೊದಲ ಸುತ್ತು ಸುಮ್ಮನೆ ನೋಡಿ. ಕತ್ತಲಲ್ಲಿ ಬೇಡಿ ಹಾಕಿಸಿಕೊಂಡು ಕೂತ ಜೋಕರ್, ಎದುರಿಗೆ ಗ್ಯಾರಿ ಓಲ್ಡ್‌ಮನ್ ಅಭಿನಯದ ಪೊಲೀಸ್ ಅಧಿಕಾರಿ ಗಾರ್ಡನ್. ಗಾರ್ಡನ್ ಬೇಡಿ ಬಿಚ್ಚಿ ಹೊರಗೆ ಹೋಗುತ್ತಾನೆ. ದೀಪ ಹೊತ್ತಿದಾಗ ಬೆನ್ನ ಹಿಂದೆ ಬ್ಯಾಟ್‌ಮ್ಯಾನ್ ನಿಂತಿದ್ದಾನೆ, ತಲೆ ಹಿಡಿದು ಮೇಜಿಗೆ ಅಪ್ಪಳಿಸುತ್ತಾನೆ.

ಎರಡನೇ ಸುತ್ತು ಮ್ಯೂಟ್ ಮಾಡಿ. ಹೊಡೆಸಿಕೊಳ್ಳುತ್ತಿರುವವನು ಲೆಡ್ಜರ್, ಆದರೂ ಮೈ ಬಿಗಿ ಹಿಡಿದಿರುವವನು ಬ್ಯಾಟ್‌ಮ್ಯಾನ್. ಯಾರ ಭುಜ ಸಡಿಲ, ಯಾರದು ಗಟ್ಟಿ ಎಂದು ಪ್ರತಿ ಶಾಟ್‌ಗೂ ಬರೆಯಿರಿ. ಜೋಕರ್‌ನ ನಾಲಗೆ ಆಗಾಗ ತುಟಿಯ ಅಂಚಿಗೆ ಹೋಗುವುದೂ ಇಲ್ಲಿ ಚೆನ್ನಾಗಿ ಕಾಣುತ್ತದೆ. ಬಾಯಿಯ ಬದಿ ಅಂಟಿಸಿದ ಕೃತಕ ಗಾಯದ ತುಂಡುಗಳು ಸಡಿಲವಾಗುತ್ತಿದ್ದುದರಿಂದ ಶುರುವಾದ ಅಭ್ಯಾಸ ಅದು ಎಂದು ಚಿತ್ರತಂಡದವರು ಹೇಳಿದ್ದಾರೆ. ಅಡಚಣೆಯನ್ನು ಪಾತ್ರದ ಚಾಳಿಯಾಗಿ ತಿರುಗಿಸಿಕೊಂಡದ್ದು ನಟನ ಕೆಲಸ.

ಮೂರನೇ ಸುತ್ತು ಪರದೆಗೆ ಬೆನ್ನು ಹಾಕಿ ಕೇಳಿ. ಬ್ಯಾಟ್‌ಮ್ಯಾನ್‌ನ ದನಿ ಏರುತ್ತಾ ಹೋಗುತ್ತದೆ. ಜೋಕರ್‌ನದು ಒಂದೇ ವಾಕ್ಯದಲ್ಲಿ ಮೇಲೆ ಹೋಗಿ ಕೆಳಗೆ ಇಳಿಯುತ್ತದೆ, ಆದರೆ ಅವಸರ ಮಾಡುವುದಿಲ್ಲ. ಅವನು ಎಲ್ಲಿ ಉಸಿರು ತೆಗೆದುಕೊಳ್ಳುತ್ತಾನೆ ಎಂದು ಗುರುತು ಹಾಕಿ. ನಾಟಕದವರಿಗೆ ಈ ಸುತ್ತು ಎಲ್ಲಕ್ಕಿಂತ ಹೆಚ್ಚು ಕಲಿಸುತ್ತದೆ.

ನಾಲ್ಕನೇ ಸುತ್ತಿನಲ್ಲಿ ಲೆಡ್ಜರ್ ಕಡೆ ನೋಡಲೇಬೇಡಿ. ಬ್ಯಾಟ್‌ಮ್ಯಾನ್ ಆಗಿರುವ ಕ್ರಿಶ್ಚಿಯನ್ ಬೇಲ್ ಅವರ ಮುಖದಲ್ಲಿ ಮುಖವಾಡ ಬಿಟ್ಟಿರುವುದು ಕಣ್ಣು, ಬಾಯಿ, ಗದ್ದ ಮಾತ್ರ. ಕಾಮಿಕ್ಸ್ ಸಿನಿಮಾಗಳಲ್ಲಿ ಬೇರೆಡೆ ಇಲ್ಲದ ತೊಡಕು ಇದು: ನಾಯಕನ ಮುಖ ಮುಚ್ಚಿರುವುದರಿಂದ ಪ್ರತಿಕ್ರಿಯೆ ದವಡೆಯಲ್ಲಿ ಹುಡುಕಬೇಕು. ಹುಡುಕಿದರೆ ಸಿಗುತ್ತದೆ. ಜೋಕರ್‌ನ ಪ್ರತಿ ಮಾತಿಗೂ ಆ ದವಡೆ ಬಿಗಿಯುತ್ತದೆ, ಕೊನೆಗೆ ಬಾಗಿಲಿಗೆ ಕುರ್ಚಿ ಒಡ್ಡಿ ಬಡಿಯಲು ಶುರುಮಾಡುತ್ತಾನೆ. ಆ ಹೊತ್ತಿಗೆ ಗೆದ್ದವನು ನಗುತ್ತಿರುವವನು. ನಾಲ್ಕನೇ ಕಾಲಂಗೆ ಬರೆಯಬೇಕಾದ್ದು ಇದು: ಬಂದಾಗ ಹೆದರಿಸಲು ಬಂದವನು ಹೋಗುವಾಗ ಎದುರಾಳಿ ಕೊಟ್ಟ ವಿಳಾಸ ಹಿಡಿದು ಓಡುತ್ತಾನೆ.

ಐದನೇ ಸುತ್ತು ಎಲ್ಲ ಸೇರಿಸಿ, ಟಿಪ್ಪಣಿ ಮುಚ್ಚಿಟ್ಟು ನೋಡುವುದಕ್ಕೆ.

ತಪ್ಪುವುದು ಎಲ್ಲಿ

ಮೇಕಪ್‌ನ ಲೆಕ್ಕವನ್ನು ನಟನ ಖಾತೆಗೆ ಬರೆಯುವುದು ಸಾಮಾನ್ಯ ತಪ್ಪು. 'ಡಿಕ್ ಟ್ರೇಸಿ' (1990) ನೋಡಿ: ಬಿಗ್ ಬಾಯ್ ಕ್ಯಾಪ್ರೀಸ್ ಪಾತ್ರಕ್ಕೆ ಅಲ್ ಪಚೀನೊ ಅವರಿಗೆ ಪೋಷಕ ನಟ ನಾಮನಿರ್ದೇಶನ ಬಂತು, ಪ್ರಶಸ್ತಿ ಗೆದ್ದದ್ದು ಮೇಕಪ್ ಮಾಡಿದ ಜಾನ್ ಕ್ಯಾಗ್ಲಿಯೋನ್ ಜೂನಿಯರ್ ಮತ್ತು ಡಗ್ ಡ್ರೆಕ್ಸ್‌ಲರ್. ಅದೇ ಕ್ಯಾಗ್ಲಿಯೋನ್ ಮುಂದೆ ಲೆಡ್ಜರ್ ಮುಖಕ್ಕೂ ಬಣ್ಣ ಹಚ್ಚಿದರು. ಪಚೀನೊ ಅವರ ಮುಖದ ಮೇಲೆ ಅಷ್ಟು ದಪ್ಪ ಪದರ ಇದ್ದುದರಿಂದ ಸೂಕ್ಷ್ಮ ಭಾವ ಹೊರಗೆ ಬರುವ ಹಾಗಿರಲಿಲ್ಲ. ಹಾಗಾಗಿ ಭುಜ, ಕೈ, ಕೂಗಿನಿಂದಲೇ ಪಾತ್ರ ಕಟ್ಟಿದರು. ಕುಣಿತದ ಹುಡುಗಿಯರಿಗೆ ತಾಲೀಮು ಕೊಡಿಸುವ ದೃಶ್ಯದಲ್ಲಿ ಅದು ಸ್ಪಷ್ಟ. ಅತಿಯಾಯಿತು ಎಂದು ತಳ್ಳಿಹಾಕುವ ಮುನ್ನ ಮುಖದ ಮೇಲೆ ಏನಿತ್ತು ಎಂದು ನೋಡಿಕೊಳ್ಳಬೇಕು.

ಸಂಗೀತವೂ ಮೋಸ ಮಾಡುತ್ತದೆ. ಜೋಕರ್ ಬಂದಾಗೆಲ್ಲ ತಂತಿಯ ಒಂದೇ ಸ್ವರ ಎಳೆದೆಳೆದು ಬಿಗಿಯಾಗುತ್ತದೆ, ನಮ್ಮ ಎದೆ ಹೊಡೆದುಕೊಳ್ಳುವುದರಲ್ಲಿ ಅದರ ಪಾಲೂ ಇದೆ. ಮ್ಯೂಟ್ ಮಾಡಿದಾಗಲೂ ದೃಶ್ಯ ನಿಂತರೆ ಆ ಶಕ್ತಿ ನಟನದು.

"ಇದು ಸ್ಥಳದಲ್ಲೇ ಹೊಳೆದದ್ದಂತೆ" ಎಂಬ ಕಥೆಗಳನ್ನು ಪರೀಕ್ಷಿಸದೆ ಬರೆಯಬೇಡಿ. ಆಸ್ಪತ್ರೆ ಸ್ಫೋಟದ ನಡುವೆ ಜೋಕರ್ ನಿಂತು ರಿಮೋಟ್ ಕುಟ್ಟುವುದು ಆ ಕ್ಷಣದ ಸೃಷ್ಟಿ ಎಂದು ಎಲ್ಲ ಕಡೆ ಓಡಾಡುತ್ತದೆ. ಷಿಕಾಗೊದಲ್ಲಿದ್ದ ಹಳೆಯ ಮಿಠಾಯಿ ಕಾರ್ಖಾನೆಯ ನಿಜವಾದ ಕಟ್ಟಡವನ್ನು ಉರುಳಿಸಿದ ಶಾಟ್ ಅದು, ಆ ವಿರಾಮ ಮೊದಲೇ ಯೋಜಿಸಿದ್ದು. ಲೆಕ್ಕ ಹಾಕಿಟ್ಟ ವಿರಾಮವನ್ನು ಆಗತಾನೇ ಆದದ್ದರಂತೆ ಕಾಣಿಸುವುದೇ ಹೆಚ್ಚಿನ ಕೌಶಲ.

ಪ್ರಶಸ್ತಿಯಿಂದ ಹಿಂದಕ್ಕೆ ಓದುವುದೂ ಬೇಡ. ಲೆಡ್ಜರ್ 2008ರ ಜನವರಿಯಲ್ಲಿ ತೀರಿಕೊಂಡರು, ಆಸ್ಕರ್ ಬಂದದ್ದು 2009ರ ಫೆಬ್ರುವರಿಯಲ್ಲಿ, ಸ್ವೀಕರಿಸಿದ್ದು ಕುಟುಂಬದವರು. ಆ ದುಃಖ ನಿಜ, ಆದರೆ ಅದನ್ನು ದೃಶ್ಯದೊಳಗೆ ಹುಡುಕಬಾರದು.

ಸದ್ದಿಲ್ಲದ ನಟನೆಗೆ ಬೇರೆ ಕಣ್ಣು

ಮೇಲಿನ ಕ್ರಮ ಅಬ್ಬರದ ಪಾತ್ರಗಳಿಗೆ ಸುಲಭವಾಗಿ ಒಗ್ಗುತ್ತದೆ. 'ರೋಡ್ ಟು ಪರ್ಡಿಷನ್'ನಲ್ಲಿ ಪಾಲ್ ನ್ಯೂಮನ್ ಅವರ ಜಾನ್ ರೂನಿಗೆ ಸ್ವಲ್ಪ ಬದಲಿಸಿಕೊಳ್ಳಬೇಕು. ಮ್ಯಾಕ್ಸ್ ಅಲನ್ ಕಾಲಿನ್ಸ್ ಬರೆದು ರಿಚರ್ಡ್ ಪಿಯರ್ಸ್ ರೇನರ್ ಚಿತ್ರ ಬಿಡಿಸಿದ ಕಪ್ಪುಬಿಳುಪು ಪುಸ್ತಕದಲ್ಲಿ ಈ ಮುದುಕನ ಹೆಸರು ಲೂನಿ. ಶುರುವಿನಲ್ಲಿ ಅವನು ನಾಯಕ ಟಾಮ್ ಹ್ಯಾಂಕ್ಸ್ ಪಕ್ಕ ಕೂತು ಪಿಯಾನೊ ನುಡಿಸುತ್ತಾನೆ. ಸ್ವಂತ ಮಗ ದೂರದಿಂದ ನೋಡುತ್ತಿರುತ್ತಾನೆ. ಆ ದೃಶ್ಯದಲ್ಲಿ ಮಗನ ಪಾತ್ರದ ಡೇನಿಯಲ್ ಕ್ರೇಗ್ ಮುಖ ಗಮನಿಸಿದವರಿಗೆ ಮುಂದಿನ ಕಥೆಯೆಲ್ಲ ಅಲ್ಲೇ ಸಿಗುತ್ತದೆ. ಮುಂದೆ ಅದೇ ಮಗನನ್ನು ನ್ಯೂಮನ್ ಹೊಡೆದು, ನೀನು ಹುಟ್ಟಿದ ದಿನಕ್ಕೆ ಶಾಪ ಎಂದು ಬೈದು, ಮರುಗಳಿಗೆಯಲ್ಲೇ ಬಾಚಿ ಅಪ್ಪಿಕೊಳ್ಳುತ್ತಾರೆ. ಹೊಡೆತದಿಂದ ಅಪ್ಪುಗೆಗೆ ಕೈ ತಿರುಗುವ ಜಾಗದಲ್ಲಿ ನಿಲ್ಲಿಸಿ ನಿಲ್ಲಿಸಿ ನೋಡಿ.

ಮಳೆಯ ದೃಶ್ಯದಲ್ಲಿ ಗುಂಡಿನ ಸದ್ದು ಇಲ್ಲ, ಸಂಗೀತ ಮಾತ್ರ. ಸುತ್ತಲಿನವರು ಒಬ್ಬೊಬ್ಬರಾಗಿ ಬೀಳುತ್ತಿದ್ದರೂ ನ್ಯೂಮನ್ ಓಡುವುದಿಲ್ಲ, ಬಗ್ಗುವುದಿಲ್ಲ, ಬೆನ್ನು ತಿರುಗಿಸಿಯೇ ನಿಂತಿದ್ದಾರೆ. ಯಾರು ಬಂದಿದ್ದಾರೆ ಎಂದು ಅವನಿಗೆ ಗೊತ್ತು ಎಂಬುದು ನಮಗೆ ತಿಳಿಯುವುದು ಆ ಬೆನ್ನಿನಿಂದ. ಇಲ್ಲಿ ಟಿಪ್ಪಣಿಗೆ ಬರೆಯಬೇಕಾದ್ದು ಮಾಡದೆ ಬಿಟ್ಟದ್ದನ್ನು: ಯಾವ ಸನ್ನೆ ಬರಬಹುದಿತ್ತು, ಬರಲಿಲ್ಲ.

ಏಂಜೆಲಾ ಬ್ಯಾಸೆಟ್ ಅವರ ರಾಣಿ ರಮೊಂಡಾ ('ಬ್ಲ್ಯಾಕ್ ಪ್ಯಾಂಥರ್: ವಕಾಂಡಾ ಫಾರೆವರ್', 2022) ಇವೆರಡರ ನಡುವಿನ ಬಗೆ. ಮಾರ್ವೆಲ್ ಸ್ಟುಡಿಯೋಸ್ ಚಿತ್ರವೊಂದರ ನಟನೆಗೆ ಮೊದಲ ಆಸ್ಕರ್ ನಾಮನಿರ್ದೇಶನ ತಂದ ಪಾತ್ರ, ಗೋಲ್ಡನ್ ಗ್ಲೋಬ್ ಅನ್ನೂ ಗೆದ್ದಿತು. ಸಿಂಹಾಸನದ ಕೋಣೆಯಲ್ಲಿ ಸೇನಾನಾಯಕಿ ಒಕೊಯೆಯ (ಡನಾಯ್ ಗುರಿರಾ) ಪದವಿ ಕಿತ್ತುಕೊಳ್ಳುವ ಮಾತುಗಳನ್ನು ಎಲ್ಲರೂ ಹಂಚಿಕೊಳ್ಳುತ್ತಾರೆ, ಆದರೆ ಆ ತುಣುಕು ಮಾತ್ರ ನೋಡಿದರೆ ಕೂಗಷ್ಟೇ ಕೇಳುತ್ತದೆ. ಕನಿಷ್ಠ ಎರಡು ನಿಮಿಷ ಹಿಂದಿನಿಂದ ಶುರುಮಾಡಿ, ದನಿ ಎಲ್ಲಿಂದ ಏರಿತು ಎಂದು ಗುರುತಿಸಿ, ಮರುಸುತ್ತಿನಲ್ಲಿ ಡನಾಯ್ ಗುರಿರಾ ಅವರ ಮುಖವನ್ನಷ್ಟೇ ಹಿಂಬಾಲಿಸಿ.

ಬರೆಯಲು ಕೂತಾಗ

ಒಂದು ದೃಶ್ಯಕ್ಕೆ 300 ಪದ ಸಾಕು. ಮೊದಲ ವಾಕ್ಯದಲ್ಲಿ ಎದುರಿಗಿರುವವರು ಆರಂಭದಲ್ಲಿ ಹೇಗಿದ್ದರು, ಕೊನೆಯಲ್ಲಿ ಹೇಗಾದರು ಎಂದು ಹೇಳಿಬಿಡಿ. ಉಳಿದ ಜಾಗದಲ್ಲಿ ಆ ಬದಲಾವಣೆ ತಂದ ಮೂರು ಕ್ರಿಯೆಗಳನ್ನು ಸಮಯ ಸಮೇತ ಬರೆಯಿರಿ. "ಅದ್ಭುತ", "ಮೈನವಿರೇಳಿಸುವ" ಎಂಬ ಪದ ಬಂದ ಕಡೆಯೆಲ್ಲ ಗೆರೆ ಎಳೆದು, ಅದರ ಬದಲು ನಟ ಮಾಡಿದ ಕೆಲಸವನ್ನೇ ಇಡಿ. ಮುಗಿದ ಮೇಲೆ ಸಿನಿಮಾ ನೋಡದ ಒಬ್ಬರಿಗೆ ಓದಿಸಿ. ಪಾತ್ರ ಎಲ್ಲಿ ನಿಂತಿತ್ತು, ಯಾರ ಕಡೆ ನೋಡುತ್ತಿತ್ತು ಎಂದು ಅವರು ಹೇಳುವಂತಾದರೆ ಬರಹ ಸಿದ್ಧ.