ಕ್ಯಾಲಿಫೋರ್ನಿಯಾದ ಬ್ಯಾಲೆಟ್‌ನಲ್ಲಿ ಜಡ್ಜ್ ಹೆಸರು ಯಾಕಿದೆ?

ಅಮೆರಿಕದ ಸಿಟಿಜನ್ ಆಗಿ ಮೊದಲ ಸಲ ಬ್ಯಾಲೆಟ್ ಬಿಡಿಸಿ ನೋಡಿದವರಿಗೆ ಒಂದು ಕಡೆ ಗೊಂದಲ ಆಗುತ್ತದೆ. ರಾಜ್ಯದ ಸುಪ್ರೀಂ ಕೋರ್ಟಿನ ಇಂಥ ಜಸ್ಟಿಸ್ ಮುಂದುವರಿಯಬೇಕಾ? ಹೌದು ಅಥವಾ ಇಲ್ಲ ಅನ್ನಿ. ಎದುರಾಳಿ ಇಲ್ಲ, ಪಕ್ಷದ ಹೆಸರೂ ಇಲ್ಲ. ಊರಲ್ಲಿ ಜಡ್ಜಿಗೆ ಯಾರಾದರೂ ವೋಟು ಹಾಕಿದ್ದು ಉಂಟಾ?

ಮೊದಲು ಒಂದು ಮಾತು. ಇಲ್ಲಿ ಸುಪ್ರೀಂ ಕೋರ್ಟ್ ಒಂದೇ ಅಲ್ಲ. ಇಡೀ ದೇಶದ್ದು ರಾಜಧಾನಿ ವಾಷಿಂಗ್ಟನ್ನಿನಲ್ಲಿದೆ, ಅದು ಬೇರೆ, ಪ್ರತಿ ರಾಜ್ಯದ್ದೂ ಬೇರೆ. ಕ್ಯಾಲಿಫೋರ್ನಿಯಾದ್ದು ಸ್ಯಾನ್ ಫ್ರಾನ್ಸಿಸ್ಕೋದಲ್ಲಿದೆ, 7 ಜನ ಜಸ್ಟಿಸ್‌ಗಳು. ರಾಜ್ಯದ ಕಾನೂನಿನ ವಿಷಯದಲ್ಲಿ ಇವರದೇ ಕೊನೆಯ ಮಾತು. ನಮ್ಮ ಹೈಕೋರ್ಟ್ ಇದ್ದ ಹಾಗೆ ಅಂದುಕೊಂಡರೆ ಅರ್ಧ ಮಾತ್ರ ಸರಿ. ನ್ಯೂಯಾರ್ಕ್‌ಗೆ ಹೋದರೆ ಇನ್ನೂ ತಮಾಷೆ: ಅಲ್ಲಿ ಸುಪ್ರೀಂ ಕೋರ್ಟ್ ಅಂದರೆ ಕೆಳಗಿನ ವಿಚಾರಣಾ ಕೋರ್ಟು!

ಈ ಕುರ್ಚಿಗೆ ಬರಲು 10 ವರ್ಷ ವಕೀಲಿಕೆ ಅಥವಾ ಜಡ್ಜ್‌ಗಿರಿ ಸಾಕು. ಹೆಸರು ಆರಿಸುವುದು ಗವರ್ನರ್ (ನಮ್ಮ ಮುಖ್ಯಮಂತ್ರಿ ಇದ್ದ ಹಾಗೆ). ಸ್ಟೇಟ್ ಬಾರ್, ಅಂದರೆ ರಾಜ್ಯದ ವಕೀಲರ ಸಂಸ್ಥೆಯ ಒಂದು ಸಮಿತಿ ಆ ವ್ಯಕ್ತಿಯ ಅರ್ಹತೆಯನ್ನು ಜಾಲಾಡುತ್ತದೆ. ಆಮೇಲೆ ಚೀಫ್ ಜಸ್ಟಿಸ್, ಅಟಾರ್ನಿ ಜನರಲ್ (ರಾಜ್ಯ ಸರ್ಕಾರದ ಮುಖ್ಯ ವಕೀಲರು), ಮೇಲ್ಮನವಿ ಕೋರ್ಟಿನ ಒಬ್ಬ ಹಿರಿಯ ನ್ಯಾಯಮೂರ್ತಿ, ಈ ಮೂವರು ಒಪ್ಪಬೇಕು. ಜನರ ಸರದಿ ಬರುವುದು ಮುಂದಿನ ಗವರ್ನರ್ ಚುನಾವಣೆಯಲ್ಲಿ. ಪೂರ್ತಿ ಅವಧಿ 12 ವರ್ಷ. ಆದರೆ ನಡುವೆ ಬಂದವರಿಗೆ ಹಿಂದಿನವರು ಬಿಟ್ಟುಹೋದ ವರ್ಷಗಳಷ್ಟೇ ಸಿಗುತ್ತವೆ.

ಗುಡ್ವಿನ್ ಲಿಯು ಅವರನ್ನೇ ನೋಡಿ. ಬರ್ಕ್ಲಿಯಲ್ಲಿ ಕಾನೂನು ಪಾಠ ಮಾಡುತ್ತಿದ್ದವರು. ಆಗಿನ ಅಧ್ಯಕ್ಷ ಒಬಾಮಾ ಇವರನ್ನು ಫೆಡರಲ್ (ಕೇಂದ್ರದ) ಕೋರ್ಟಿಗೆ ಹೆಸರಿಸಿದರು, ಸೆನೆಟ್‌ನಲ್ಲಿ ಅಡ್ಡಗಾಲು ಬಿತ್ತು. ಅದೇ 2011ರಲ್ಲಿ ಗವರ್ನರ್ ಜೆರ್ರಿ ಬ್ರೌನ್ ಅವರನ್ನು ರಾಜ್ಯದ ಕೋರ್ಟಿಗೆ ಕರೆದರು. ಅದಕ್ಕೆ ಮೊದಲು ಒಂದು ದಿನವೂ ಜಡ್ಜ್ ಆಗಿದ್ದವರಲ್ಲ. 2014ರಲ್ಲಿ ಜನ ಹೌದು ಅಂದರು, 2022ರಲ್ಲಿ ಮತ್ತೆ ಹೌದು ಅಂದರು.

ಹಾಗಾದರೆ ಇದು ಸುಮ್ನೆ ಶಾಸ್ತ್ರಕ್ಕಾ? ಹೆಚ್ಚು ಕಡಿಮೆ ಹೌದು, 1986 ಒಂದನ್ನು ಬಿಟ್ಟರೆ. ರಾಜ್ಯದ ಮೊದಲ ಮಹಿಳಾ ಚೀಫ್ ಜಸ್ಟಿಸ್ ರೋಸ್ ಬರ್ಡ್ ತಮ್ಮ ಮುಂದೆ ಬಂದ ಒಂದು ಮರಣದಂಡನೆಯನ್ನೂ ಎತ್ತಿಹಿಡಿಯಲಿಲ್ಲ. ಜನ ಸಿಟ್ಟಾಗಿ ಇಲ್ಲ ಅಂದರು. ಅವರ ಜೊತೆಗೆ ಇನ್ನಿಬ್ಬರು ಜಸ್ಟಿಸ್‌ಗಳಾದ ಕ್ರೂಜ್ ರೆನೋಸೊ, ಜೋಸೆಫ್ ಗ್ರೋಡಿನ್ ಕೂಡ ಮನೆಗೆ ಹೋದರು. ಆ ಮೂರೂ ಕುರ್ಚಿ ತುಂಬಿದ್ದು ಮರಣದಂಡನೆ ಪರವಾಗಿದ್ದ ಗವರ್ನರ್ ಜಾರ್ಜ್ ಡ್ಯುಕ್ಮೇಜಿಯನ್. ಹಾಗಾಗಿ ಕೋರ್ಟಿನ ದಿಕ್ಕೇ ತಿರುಗಿತು. ನನಗೆ ಇದು ಸ್ವಲ್ಪ ಭಯದ ವಿಷಯ. ತೀರ್ಪು ಬರೆಯುವ ಕೈಗೆ ವೋಟಿನ ನೆನಪು ಇರಬಾರದು ಅಲ್ವಾ?

ಟೆಕ್ಸಾಸ್‌ನಲ್ಲಿರುವ ಗೆಳೆಯರ ಪಾಡು ಇನ್ನೂ ಜಾಸ್ತಿ. ಅಲ್ಲಿ ಜಸ್ಟಿಸ್‌ಗಳು ಪಕ್ಷದ ಹೆಸರಿನಲ್ಲೇ ಚುನಾವಣೆಗೆ ನಿಲ್ಲುತ್ತಾರೆ, 6 ವರ್ಷಕ್ಕೊಮ್ಮೆ.

ಬ್ಯಾಲೆಟ್ ಕೈಗೆ ಬಂದರೆ, ರಾಜ್ಯ ಕಳಿಸುವ ವೋಟರ್ ಗೈಡ್‌ನಲ್ಲಿ ಜಸ್ಟಿಸ್‌ಗಳ ಪರಿಚಯ ಇರುತ್ತದೆ, ಐದು ನಿಮಿಷ ಓದಿ. ಗೊತ್ತಿಲ್ಲದಿದ್ದರೆ ಆ ಜಾಗ ಖಾಲಿ ಬಿಡಬಹುದು, ಉಳಿದ ವೋಟುಗಳಿಗೆ ತೊಂದರೆ ಇಲ್ಲ. ಗ್ರೀನ್ ಕಾರ್ಡ್ ಇರುವವರು ಮಾತ್ರ ಇದರ ತಂಟೆಗೆ ಹೋಗಬೇಡಿ. ವೋಟು ಸಿಟಿಜನ್‌ಗಳಿಗೆ ಮಾತ್ರ. ತಪ್ಪಿ ಹಾಕಿದರೂ ಮುಂದೆ ಇಮಿಗ್ರೇಷನ್ ತಲೆನೋವು.