ಕೆನಡಾದಲ್ಲಿ ಮನೆ ಕೊಳ್ಳುವ ಕೊಡಗಿನವರಿಗೆ: ಗೃಹಸಾಲದ ಪೂರ್ತಿ ಲೆಕ್ಕ

ಕೆನಡಾದಲ್ಲಿ ನೆಲೆಸಿದ ಮಕ್ಕಳು ಮನೆ ಕೊಳ್ಳುವ ಮಾತೆತ್ತಿದಾಗ ಮಡಿಕೇರಿ, ವಿರಾಜಪೇಟೆ, ಸೋಮವಾರಪೇಟೆಯಲ್ಲಿರುವ ಹೆತ್ತವರಿಗೆ ಹೇಳುವುದು ಸಾಮಾನ್ಯವಾಗಿ ಒಂದೇ ಅಂಕಿ, ತಿಂಗಳ ಕಂತು. ಬಾಡಿಗೆಗೆ ಇಷ್ಟು ಹೋಗುತ್ತಿದೆ, ಅದರ ಮೇಲೆ ಇನ್ನು ಸ್ವಲ್ಪ ಸೇರಿಸಿದರೆ ಮನೆ ನಮ್ಮದೇ ಆಗುತ್ತದೆ ಎನ್ನುವುದು ವಾದ. ಕೇಳಿದವರಿಗೂ ಅದು ಸರಿಯೆನಿಸುತ್ತದೆ. ಹಣ ಸಾಲದಿದ್ದರೆ ತೋಟದ ಒಂದು ತುಂಡು ಮಾರಿ ಕಳುಹಿಸುವ ಯೋಚನೆಯೂ ಅಲ್ಲಿಂದಲೇ ಹುಟ್ಟುತ್ತದೆ. ವಿರಾಜಪೇಟೆಯಲ್ಲಿ ಕುಳಿತು ಇಂಥ ಕುಟುಂಬಗಳ ಸಾಲಪತ್ರಗಳನ್ನು ಓದಿ ವಿವರಿಸುವ ಕೆಲಸ ನನ್ನ ಪಾಲಿಗೆ ಬರುತ್ತಿರುತ್ತದೆ. ಎಲ್ಲರಿಗೂ ನಾನು ಹೇಳುವುದು ಇದನ್ನೇ: ಕಂತನ್ನು ಆಮೇಲೆ ನೋಡೋಣ. ಟರ್ಮ್, ಅಂದರೆ ಬ್ಯಾಂಕ್ ಒಪ್ಪಿದ ದರ ಜಾರಿಯಲ್ಲಿರುವ ಅವಧಿ, ಮುಗಿಯುವ ದಿನ ಎಷ್ಟು ಅಸಲು ಬಾಕಿ ಇರುತ್ತದೆ, ಅದಕ್ಕೂ ಮೊದಲು ಸಾಲದಿಂದ ಹೊರಬರಬೇಕಾದರೆ ಎಷ್ಟು ತೆರಬೇಕು, ಈ ಎರಡನ್ನು ಮೊದಲು ಕೇಳಿ.

ಇದು ಯಾಕೆ ಮುಖ್ಯ ಎಂದು ತಿಳಿಯಲು ಅಲ್ಲಿನ ಸಾಲದ ರಚನೆ ಗೊತ್ತಿರಬೇಕು. ನಮ್ಮ ಬೆಳೆಗಾರರಿಗೆ ಬೆಳೆಸಾಲದ ನಡೆ ಚೆನ್ನಾಗಿ ಗೊತ್ತು. ಸಹಕಾರ ಸಂಘದಿಂದ ಪಡೆದ ಸಾಲವನ್ನು ಕಾಫಿ ಮಾರಿದ ಹಣದಿಂದ ಮಾರ್ಚ್ ಕೊನೆಯೊಳಗೆ ಕಟ್ಟಿ, ಮತ್ತೆ ಹೊಸದಾಗಿ ಪಡೆಯುತ್ತಾರೆ. ಊರಿನ ಬ್ಯಾಂಕಿನ ಗೃಹಸಾಲವೂ ಹೊಸದಲ್ಲ. ರೆಪೊ ದರ ಏರಿದರೆ ಬಡ್ಡಿ ಏರುತ್ತದೆ, ಹೆಚ್ಚಿನ ವೇಳೆ ಕಂತಿನ ಬದಲು ಅವಧಿ ಉದ್ದವಾಗುತ್ತದೆ. ಫ್ಲೋಟಿಂಗ್ ದರದ ಗೃಹಸಾಲವನ್ನು ವ್ಯಕ್ತಿಗಳು ಅವಧಿಗೆ ಮುನ್ನವೇ ತೀರಿಸಿದರೆ ಇಲ್ಲಿ ದಂಡವಿಲ್ಲ. ಕೆನಡಾದ ಸಾಲ ಇವೆರಡರಂತೆಯೂ ಅಲ್ಲ.

ಅಲ್ಲಿ ಒಂದೇ ಸಾಲಕ್ಕೆ ಎರಡು ಅವಧಿಗಳಿರುತ್ತವೆ. ಪೂರ್ತಿ ಸಾಲ ತೀರಲು ಹಿಡಿಯುವ 25 ಅಥವಾ 30 ವರ್ಷದ ಅವಧಿಗೆ ಅಮಾರ್ಟೈಸೇಶನ್ ಎನ್ನುತ್ತಾರೆ. ಬ್ಯಾಂಕ್ ನಿಮಗೆ ಕೊಟ್ಟ ಬಡ್ಡಿದರ, ಷರತ್ತುಗಳು ಜಾರಿಯಲ್ಲಿರುವುದು ಟರ್ಮ್ ಎಂಬ ಸಣ್ಣ ಅವಧಿಗೆ ಮಾತ್ರ. ಹೆಚ್ಚು ಜನ ಆರಿಸುವುದು 5 ವರ್ಷದ ಟರ್ಮ್. ಐದು ವರ್ಷ ಮುಗಿದ ದಿನ ಉಳಿದ ಅಸಲೆಲ್ಲ ಸಾಲಪತ್ರದ ಪ್ರಕಾರ ಒಮ್ಮೆಗೇ ಬಾಕಿಯಾಗುತ್ತದೆ. ಆಗ ಅಂದಿನ ಮಾರುಕಟ್ಟೆ ದರದಲ್ಲಿ ಸಾಲವನ್ನು ನವೀಕರಿಸಬೇಕು. ಅಮೆರಿಕದಲ್ಲಿರುವ ನೆಂಟರು ಮೂವತ್ತು ವರ್ಷಕ್ಕೆ ಒಂದೇ ದರ ಕಟ್ಟಿಕೊಂಡಿದ್ದೇವೆ ಎಂದು ಹೇಳಿದರೆ ಅದು ಅಲ್ಲಿನ ಪದ್ಧತಿ. ಕೆನಡಾದಲ್ಲಿ ಫಿಕ್ಸೆಡ್ ಎಂದರೂ ಫಿಕ್ಸೆಡ್ ಆಗಿರುವುದು ಆ ಐದು ವರ್ಷಕ್ಕೆ ಮಾತ್ರ.

ಲೆಕ್ಕ ಹಾಕಿ ನೋಡೋಣ. 5 ಲಕ್ಷ ಕೆನಡಾ ಡಾಲರ್ ಸಾಲ, ಶೇ. 5 ಬಡ್ಡಿ, 25 ವರ್ಷ. ಫಿಕ್ಸೆಡ್ ದರದ ಸಾಲಗಳಿಗೆ ಅಲ್ಲಿ ಬಡ್ಡಿಯನ್ನು ಅರ್ಧ ವರ್ಷಕ್ಕೊಮ್ಮೆ ಚಕ್ರಬಡ್ಡಿಯಾಗಿ ಲೆಕ್ಕ ಹಾಕುವುದರಿಂದ ತಿಂಗಳ ಕಂತು ಸುಮಾರು 2,908 ಡಾಲರ್ ಬರುತ್ತದೆ. ಮೊದಲ ಐದು ವರ್ಷದಲ್ಲಿ ನೀವು ಕಟ್ಟುವುದು ಸುಮಾರು 1,74,500 ಡಾಲರ್. ಅದರಲ್ಲಿ 1,17,000 ಬಡ್ಡಿಗೇ ಹೋಗುತ್ತದೆ, ಅಸಲು ಇಳಿಯುವುದು 57,500 ಮಾತ್ರ. ನವೀಕರಣದ ದಿನ ಇನ್ನೂ 4,42,500 ಡಾಲರ್ ಬಾಕಿ ಇರುತ್ತದೆ. ಆ ದಿನ ದರ ಶೇ. 7 ಇದ್ದರೆ, ಉಳಿದ 20 ವರ್ಷಕ್ಕೆ ಕಂತು ಸುಮಾರು 3,404 ಡಾಲರ್‌ಗೆ ಏರುತ್ತದೆ. ಸಂಬಳ ಅದೇ, ಮನೆ ಅದೇ, ತಿಂಗಳಿಗೆ 500 ಡಾಲರ್ ಹೆಚ್ಚು ಹೊರೆ.

ಇದು ಬರೀ ಊಹೆಯ ಮಾತಲ್ಲ. ಅಲ್ಲಿನ ಕೇಂದ್ರ ಬ್ಯಾಂಕಾದ ಬ್ಯಾಂಕ್ ಆಫ್ ಕೆನಡಾದ ನೀತಿ ದರ 2022ರ ಮಾರ್ಚ್ ಆರಂಭದವರೆಗೆ ಶೇ. 0.25 ಇತ್ತು, 2023ರ ಜುಲೈಗೆ ಶೇ. 5ಕ್ಕೆ ಏರಿತು. ಇಳಿಕೆ ಆರಂಭವಾದದ್ದು 2024ರ ಜೂನ್‌ನಲ್ಲಿ. 2021ರಲ್ಲಿ ಶೇ. 2ರ ದರದಲ್ಲಿ 5 ಲಕ್ಷ ಪಡೆದವರ ಕಂತು ಸುಮಾರು 2,117 ಡಾಲರ್ ಇತ್ತು. ಐದು ವರ್ಷದ ನಂತರ ಶೇ. 4.5ಕ್ಕೆ ನವೀಕರಿಸಿದರೆ ಅದು 2,640 ಆಗುತ್ತದೆ. ಆ ವರ್ಷಗಳಲ್ಲಿ ವೇರಿಯಬಲ್, ಅಂದರೆ ಟರ್ಮ್ ನಡುವೆಯೂ ಬದಲಾಗುವ ದರ ಆರಿಸಿ ಕಂತು ಮಾತ್ರ ಬದಲಾಗದ ಸಾಲ ಪಡೆದವರದು ಇನ್ನೊಂದು ಪಾಡು. ದರ ಏರಿದಂತೆ ಕಂತಿನ ಹಣ ಬಡ್ಡಿಗೂ ಸಾಲದೆ, ಹಲವರ ಅಸಲು ಇಳಿಯುವ ಬದಲು ಬೆಳೆಯಿತು. ಕಂತು ಬದಲಾಗಿಲ್ಲ ಎಂಬ ನೆಮ್ಮದಿಯಲ್ಲಿ ಇದು ಕಣ್ಣಿಗೆ ಬೀಳುವುದೇ ಇಲ್ಲ. ಹಾಗಾಗಿ ಸಾಲದ ವಾರ್ಷಿಕ ವಿವರಪತ್ರದಲ್ಲಿ ಅಸಲು ಬಾಕಿ ಎಷ್ಟೆಂಬುದನ್ನು ತಪ್ಪದೆ ಓದಿ.

ಅಲ್ಲಿನ ಸರ್ಕಾರಕ್ಕೂ ಈ ಅಪಾಯ ಗೊತ್ತು. ಸ್ಟ್ರೆಸ್ ಟೆಸ್ಟ್ ಇರುವುದು ಅದಕ್ಕಾಗಿಯೇ. ನಿಮಗೆ ಸಿಕ್ಕ ದರಕ್ಕೆ ಶೇ. 2 ಸೇರಿಸಿದ ದರ ಅಥವಾ ಶೇ. 5.25, ಇವೆರಡರಲ್ಲಿ ಹೆಚ್ಚಿನದರಲ್ಲಿ ಕಂತು ಕಟ್ಟುವ ಶಕ್ತಿ ನಿಮಗಿದೆಯೇ ಎಂದು ಬ್ಯಾಂಕ್ ನೋಡುತ್ತದೆ. ಇದನ್ನು ತೊಡಕು ಎಂದು ಬೈಯುವವರನ್ನು ಕೇಳಿದ್ದೇನೆ. ನನಗೆ ಇದು ಸಾಲಗಾರರನ್ನು ಕಾಯುವ ಒಳ್ಳೆಯ ನಿಯಮವಾಗಿ ಕಾಣುತ್ತದೆ. ಬ್ಯಾಂಕ್ ಲೆಕ್ಕ ಹಾಕಿದ ಆ ಹೆಚ್ಚಿನ ಕಂತನ್ನು ಕೇಳಿ ಬರೆದಿಟ್ಟುಕೊಳ್ಳಿ, ಮನೆಯ ಬಜೆಟ್ ಮಾಡುವಾಗ ಅದನ್ನೇ ಬಳಸಿ.

25ರ ಬದಲು 30 ವರ್ಷಕ್ಕೆ ಪಡೆದರೆ ಕಂತು ಹಗುರವಾಗುತ್ತದೆ ಎಂದು ಬ್ರೋಕರ್‌ಗಳು ಹೇಳುತ್ತಾರೆ. ನಿಜ, ಮೇಲಿನ ಸಾಲಕ್ಕೆ ತಿಂಗಳಿಗೆ ಸುಮಾರು 240 ಡಾಲರ್ ಕಡಿಮೆಯಾಗುತ್ತದೆ. ದರ ಬದಲಾಗದೆ ಉಳಿದರೆ ಒಟ್ಟು ಬಡ್ಡಿ ಮಾತ್ರ 3,72,400ರಿಂದ 4,60,600ಕ್ಕೆ ಹೋಗುತ್ತದೆ. ಕಂತು ಹಗುರವಾದದ್ದಕ್ಕೆ ತೆರುವ ಬೆಲೆ 88,000 ಡಾಲರ್.

ವಿಮೆ ಎಂಬ ಹೆಸರಿನ ಎರಡು ಖರ್ಚುಗಳು

ಮನೆ ಬೆಲೆಯ ಶೇ. 20ಕ್ಕಿಂತ ಕಡಿಮೆ ಹಣವನ್ನು ಕೈಯಿಂದ ಹಾಕಿದರೆ ಮಾರ್ಟ್‌ಗೇಜ್ ವಿಮೆ ಕಡ್ಡಾಯ. ಕನಿಷ್ಠ ಡೌನ್ ಪೇಮೆಂಟ್ ಮೊದಲ 5 ಲಕ್ಷ ಡಾಲರ್‌ಗೆ ಶೇ. 5, ಅದರ ಮೇಲಿನ ಮೊತ್ತಕ್ಕೆ ಶೇ. 10. ಬೆಲೆ 15 ಲಕ್ಷ ಮುಟ್ಟಿದರೆ ಈ ಸೌಲಭ್ಯವಿಲ್ಲ. 6 ಲಕ್ಷದ ಮನೆಗೆ 35,000 ಹಾಕಿದರೆ ಸಾಲ 5,65,000. ಅದರ ಮೇಲೆ ಶೇ. 4 ಪ್ರೀಮಿಯಂ, ಅಂದರೆ 22,600 ಡಾಲರ್. ಈ ಪ್ರೀಮಿಯಂ ಅಸಲಿಗೆ ಸೇರಿಕೊಳ್ಳುವುದರಿಂದ ಯಾರೂ ಅದರ ಬಗ್ಗೆ ಹೆಚ್ಚು ಯೋಚಿಸುವುದಿಲ್ಲ. ಶೇ. 5ರಂತೆ 25 ವರ್ಷ ಬಡ್ಡಿ ಸೇರಿದರೆ ಅದು 39,400 ಡಾಲರ್ ಆಗುತ್ತದೆ. ಒಂಟಾರಿಯೊ ಪ್ರಾಂತ್ಯದಲ್ಲಿ ಪ್ರೀಮಿಯಂ ಮೇಲೆ ಶೇ. 8 ಮಾರಾಟ ತೆರಿಗೆಯೂ ಇದೆ. ಅದನ್ನು ಸಾಲಕ್ಕೆ ಸೇರಿಸಲಾಗದು, ಕೈಯಿಂದಲೇ ಕೊಡಬೇಕು. ಇಷ್ಟೆಲ್ಲ ಕೊಟ್ಟರೂ ಈ ವಿಮೆ ಕಾಯುವುದು ಬ್ಯಾಂಕನ್ನು, ನಿಮ್ಮನ್ನಲ್ಲ.

ನಿಮ್ಮ ಜೀವಕ್ಕೆ ಸಂಬಂಧಿಸಿದ ವಿಮೆಯನ್ನು ಸಾಲದ ಜೊತೆಗೇ ಮಾರಲು ಬ್ಯಾಂಕಿನವರು ಇನ್ನೊಂದು ಕಾಗದ ಮುಂದಿಡುತ್ತಾರೆ. ಅದು ಕಡ್ಡಾಯವಲ್ಲ. ಸಾಲ ಇಳಿದಂತೆ ಅದರ ಪರಿಹಾರವೂ ಇಳಿಯುತ್ತದೆ, ಹಣ ಸೇರುವುದು ಬ್ಯಾಂಕಿಗೆ. ಹೆಂಡತಿ, ಗಂಡ, ಮಕ್ಕಳ ಹೆಸರಿಗೆ ಬರುವ ಸಾಮಾನ್ಯ ಟರ್ಮ್ ವಿಮೆಯ ದರವನ್ನು ಬೇರೆಡೆ ವಿಚಾರಿಸಿ ಹೋಲಿಸದೆ ಅದಕ್ಕೆ ಸಹಿ ಹಾಕಬೇಡಿ.

ನಡುವೆ ಹೊರಬರುವ ಬೆಲೆ

ನಮ್ಮವರು ಹೆಚ್ಚು ನಷ್ಟ ಅನುಭವಿಸುವುದು ಇಲ್ಲಿ. ಕೆಲಸ ಬದಲಾಗಿ ಟೊರಾಂಟೊದಿಂದ ಕ್ಯಾಲ್ಗರಿಗೆ ಹೋಗಬೇಕಾಗುತ್ತದೆ, ಅಪ್ಪನ ಆರೋಗ್ಯ ಕೆಟ್ಟು ತೋಟ ನೋಡಿಕೊಳ್ಳಲು ಊರಿಗೆ ಮರಳಬೇಕಾಗುತ್ತದೆ. ಟರ್ಮ್ ಇನ್ನೂ ಎರಡು ವರ್ಷ ಉಳಿದಿರುತ್ತದೆ. ಫಿಕ್ಸೆಡ್ ದರದ ಕ್ಲೋಸ್ಡ್ ಸಾಲವನ್ನು (ಟರ್ಮ್ ಮುಗಿಯುವ ಮೊದಲು ದಂಡವಿಲ್ಲದೆ ಪೂರ್ತಿ ತೀರಿಸಲಾಗದ ಸಾಲವನ್ನು) ನಡುವೆ ಮುರಿದರೆ, ಮೂರು ತಿಂಗಳ ಬಡ್ಡಿ ಅಥವಾ ಬಡ್ಡಿದರದ ವ್ಯತ್ಯಾಸದ ಮೊತ್ತ, ಇವೆರಡರಲ್ಲಿ ಹೆಚ್ಚಿನದು ದಂಡ. ನಮ್ಮ ಉದಾಹರಣೆಯಲ್ಲಿ ಮೂರು ವರ್ಷದ ನಂತರ ಬಾಕಿ ಸುಮಾರು 4,67,000. ಮೂರು ತಿಂಗಳ ಬಡ್ಡಿ 5,800 ಡಾಲರ್. ಉಳಿದ ಎರಡು ವರ್ಷಕ್ಕೆ ಅಂದಿನ ದರ ಶೇ. 3.5ಕ್ಕೆ ಇಳಿದಿದ್ದರೆ, ವ್ಯತ್ಯಾಸ ಶೇ. 1.5ರಂತೆ ಎರಡು ವರ್ಷಕ್ಕೆ 14,000 ಡಾಲರ್. ಬ್ಯಾಂಕ್ ಕೇಳುವುದು ಇದನ್ನೇ. ವ್ಯತ್ಯಾಸ ಲೆಕ್ಕ ಹಾಕುವಾಗ ನಿಮಗೆ ಕೊಟ್ಟ ರಿಯಾಯಿತಿ ದರದ ಬದಲು ತಾವು ಪ್ರಕಟಿಸಿದ ದರವನ್ನು ಆಧಾರವಾಗಿ ಹಿಡಿಯುವ ಬ್ಯಾಂಕುಗಳೂ ಇವೆ, ಆಗ ಮೊತ್ತ ಇನ್ನೂ ಬೆಳೆಯುತ್ತದೆ. ವೇರಿಯಬಲ್ ಸಾಲಕ್ಕೆ ಸಾಮಾನ್ಯವಾಗಿ ಮೂರು ತಿಂಗಳ ಬಡ್ಡಿ ಮಾತ್ರ.

ದರದಲ್ಲಿ ಶೇ. 0.1 ಕಡಿಮೆ ಕೊಡುವ ಸಾಲಕ್ಕಿಂತ ದಂಡದ ನಿಯಮ ಸೌಮ್ಯವಾಗಿರುವ ಸಾಲ ನಮ್ಮಂಥವರಿಗೆ ಮೇಲು ಎನ್ನುವುದು ನನ್ನ ಖಚಿತ ಅಭಿಪ್ರಾಯ. ಊರಿನಲ್ಲಿ ವಯಸ್ಸಾದ ತಂದೆತಾಯಿ, ತೋಟ, ಕುಟುಂಬದ ಜವಾಬ್ದಾರಿ ಇರುವವರು ಐದು ವರ್ಷ ಒಂದೇ ಕಡೆ ನಿಲ್ಲುತ್ತೇವೆ ಎಂದು ಹೇಳಲಾಗದು. ಮೂರು ವರ್ಷದ ಟರ್ಮ್ ಕೇಳಿ ನೋಡಿ. ಸಾಲವನ್ನು ಹೊಸ ಮನೆಗೆ ವರ್ಗಾಯಿಸುವ ಅವಕಾಶ ಇದೆಯೇ ಎಂದೂ ಕೇಳಿ.

ಸಾಲವನ್ನು ಬೇಗ ತೀರಿಸುವ ದಾರಿಯೂ ಸಾಲಪತ್ರದಲ್ಲೇ ಇರುತ್ತದೆ. ಹೆಚ್ಚಿನ ಕ್ಲೋಸ್ಡ್ ಸಾಲಗಳಲ್ಲಿ ಮೂಲ ಸಾಲದ ಶೇ. 10ರಿಂದ 20ರವರೆಗೆ ವರ್ಷಕ್ಕೆ ದಂಡವಿಲ್ಲದೆ ಹೆಚ್ಚುವರಿಯಾಗಿ ಕಟ್ಟಬಹುದು. ವರ್ಷಕ್ಕೊಮ್ಮೆ ಕೈಗೆ ಹಣ ಬಂದಾಗ ದೊಡ್ಡ ಮೊತ್ತ ಕಟ್ಟುವ ಕಾಫಿ ಬೆಳೆಗಾರರ ಅಭ್ಯಾಸ ಇಲ್ಲಿ ಬಹಳ ಉಪಯೋಗಕ್ಕೆ ಬರುತ್ತದೆ. 5 ಲಕ್ಷದ ಸಾಲಕ್ಕೆ ಪ್ರತಿ ವರ್ಷ ಬೋನಸ್ ಬಂದಾಗ 5,000 ಡಾಲರ್ ಸೇರಿಸಿದರೆ, ಶೇ. 5ರ ಲೆಕ್ಕದಲ್ಲಿ ಸಾಲ ಐದು ವರ್ಷ ಮೊದಲೇ ತೀರುತ್ತದೆ. ಬಡ್ಡಿಯಲ್ಲಿ 85,000 ಡಾಲರ್‌ಗೂ ಹೆಚ್ಚು ಉಳಿಯುತ್ತದೆ. ಅಷ್ಟು ಆಗದವರು ತಿಂಗಳ ಕಂತಿನ ಅರ್ಧವನ್ನು ಎರಡು ವಾರಕ್ಕೊಮ್ಮೆ ಕಟ್ಟುವ ವ್ಯವಸ್ಥೆ ಕೇಳಬಹುದು, ವರ್ಷದಲ್ಲಿ 26 ಬಾರಿ ಕಟ್ಟಿದಾಗ ಹದಿಮೂರು ಕಂತು ಕಟ್ಟಿದಂತಾಗುತ್ತದೆ.

ನವೀಕರಣದ ಸಮಯದಲ್ಲಿ ಬ್ಯಾಂಕ್ ಕಳುಹಿಸುವ ಪತ್ರದ ದರಕ್ಕೆ ಹಾಗೆಯೇ ಸಹಿ ಹಾಕಬೇಡಿ. ನಾಲ್ಕು ತಿಂಗಳ ಮೊದಲೇ ಬೇರೆ ಬ್ಯಾಂಕುಗಳ ದರ ವಿಚಾರಿಸಲು ಆರಂಭಿಸಿ. ಅಸಲು ಹೆಚ್ಚಿಸದೆ ಬೇರೆ ಬ್ಯಾಂಕಿಗೆ ಹೋಗುವವರಿಗೆ 2024ರ ನವೆಂಬರ್‌ನಿಂದ ಸ್ಟ್ರೆಸ್ ಟೆಸ್ಟ್ ಕಡ್ಡಾಯವಲ್ಲ.

ಪಿಆರ್ (ಕಾಯಂ ವಾಸದ ಅನುಮತಿ) ಬರುವ ಮೊದಲು

ವಿದೇಶಿಯರು ಮನೆ ಕೊಳ್ಳುವುದಕ್ಕೆ ಕೆನಡಾ 2023ರ ಜನವರಿ 1ರಿಂದ ನಿಷೇಧ ಹೇರಿ, ಅದನ್ನು 2027ರ ಜನವರಿ 1ರವರೆಗೆ ವಿಸ್ತರಿಸಿದೆ. ಕೆಲಸದ ಪರ್ಮಿಟ್‌ನಲ್ಲಿ 183 ದಿನ ಅಥವಾ ಹೆಚ್ಚು ಉಳಿದಿರುವವರಿಗೆ ಒಂದು ಮನೆಗೆ ವಿನಾಯಿತಿ ಇದೆ. ವಿನಾಯಿತಿ ಸಿಕ್ಕಿತೆಂದು ಮುಂದೆ ಹೋಗುವವರು ಪ್ರಾಂತ್ಯದ ತೆರಿಗೆಯನ್ನು ಮರೆಯುತ್ತಾರೆ. ಒಂಟಾರಿಯೊದಲ್ಲಿ ಪೌರತ್ವ ಅಥವಾ ಪಿಆರ್ ಇಲ್ಲದವರಿಗೆ ಮನೆ ಬೆಲೆಯ ಶೇ. 25 ಹೆಚ್ಚುವರಿ ತೆರಿಗೆ ಇದೆ. 6 ಲಕ್ಷದ ಮನೆಗೆ ಅದು 1,50,000 ಡಾಲರ್. ಟೊರಾಂಟೊ ನಗರ 2025ರಿಂದ ತನ್ನದೇ ಶೇ. 10 ಸೇರಿಸಿದೆ. ನಾಲ್ಕು ವರ್ಷದೊಳಗೆ ಪಿಆರ್ ಬಂದರೆ ಒಂಟಾರಿಯೊದ ತೆರಿಗೆಯನ್ನು ಷರತ್ತುಗಳಿಗೆ ಒಳಪಟ್ಟು ಮರಳಿ ಪಡೆಯಬಹುದು, ಆದರೆ ಅಲ್ಲಿಯವರೆಗೆ ಆ ಹಣ ನಿಮ್ಮ ಕೈಯಲ್ಲಿರುವುದಿಲ್ಲ. ಪಿಆರ್ ಬರುವವರೆಗೆ ಬಾಡಿಗೆ ಮನೆಯಲ್ಲಿ ಇರಿ.

ಎಲ್ಲರಿಗೂ ಅನ್ವಯಿಸುವ ಭೂ ವರ್ಗಾವಣೆ ತೆರಿಗೆ ಬೇರೆ. ಒಂಟಾರಿಯೊದಲ್ಲಿ 6 ಲಕ್ಷದ ಮನೆಗೆ ಅದು 8,475 ಡಾಲರ್, ಟೊರಾಂಟೊದಲ್ಲಿ ನಗರದ ಪಾಲು ಸೇರಿ ಅದರ ದುಪ್ಪಟ್ಟು. ಮೊದಲ ಮನೆ ಕೊಳ್ಳುವ ಪಿಆರ್‌ದಾರರಿಗೂ ನಾಗರಿಕರಿಗೂ ಇದರಲ್ಲಿ ರಿಯಾಯಿತಿ ಇದೆ. ಆಲ್ಬರ್ಟಾದಲ್ಲಿ ಈ ತೆರಿಗೆಯೇ ಇಲ್ಲ, ನೋಂದಣಿ ಶುಲ್ಕ ಮಾತ್ರ. ವಾಸದ ಮನೆಯ ಸಾಲದ ಬಡ್ಡಿಗೆ ಕೆನಡಾದಲ್ಲಿ ಆದಾಯ ತೆರಿಗೆ ವಿನಾಯಿತಿ ಇಲ್ಲ ಎಂಬುದನ್ನೂ ನೆನಪಿಡಿ. ಬದಲಿಗೆ ಮೊದಲ ಮನೆಗೆಂದೇ ಎಫ್‌ಎಚ್‌ಎಸ್‌ಎ ಖಾತೆ ಇದೆ. ವರ್ಷಕ್ಕೆ 8,000, ಒಟ್ಟು 40,000 ಡಾಲರ್ ಹಾಕಬಹುದು. ಹಾಕುವಾಗ ತೆರಿಗೆ ಕಡಿತ, ಮನೆಗೆಂದು ತೆಗೆಯುವಾಗ ತೆರಿಗೆ ಇಲ್ಲ. ಮನೆ ಕೊಳ್ಳುವ ಯೋಚನೆ ದೂರದಲ್ಲಿದ್ದರೂ, ಅರ್ಹತೆ ಇದ್ದರೆ ಖಾತೆಯನ್ನು ಇಂದೇ ತೆರೆಯಿರಿ.

ಊರಿನಿಂದ ಹಣ ತರುವುದು

ತಂದೆತಾಯಿ ತಲಾ ವರ್ಷಕ್ಕೆ 2,50,000 ಅಮೆರಿಕನ್ ಡಾಲರ್‌ವರೆಗೆ ವಿದೇಶಕ್ಕೆ ಹಣ ಕಳುಹಿಸಲು ರಿಸರ್ವ್ ಬ್ಯಾಂಕ್ ಮಾಡಿರುವ ಎಲ್‌ಆರ್‌ಎಸ್ ಯೋಜನೆಯಡಿ ಕಳುಹಿಸಬಹುದು. ಉಡುಗೊರೆಯಾಗಿ ಕಳುಹಿಸಿದರೆ, 10 ಲಕ್ಷ ರೂಪಾಯಿ ಮೀರಿದ ಭಾಗಕ್ಕೆ ಬ್ಯಾಂಕ್ ಶೇ. 20 ಟಿಸಿಎಸ್, ಅಂದರೆ ಮುಂಗಡ ತೆರಿಗೆ, ಹಿಡಿಯುತ್ತದೆ. ಅದು ಮರಳಿ ಬರುವ ಹಣ. ಆದರೆ ಬರಬೇಕಾದರೆ ಆದಾಯ ತೆರಿಗೆ ರಿಟರ್ನ್ ಸಲ್ಲಿಸಬೇಕು. ಕೃಷಿ ಆದಾಯಕ್ಕೆ ತೆರಿಗೆ ಇಲ್ಲವೆಂದು ರಿಟರ್ನ್ ಸಲ್ಲಿಸದೆ ಇರುವ ಬೆಳೆಗಾರರು ಇಲ್ಲಿ ಎಚ್ಚರವಾಗಿರಬೇಕು. ಕೆನಡಾದಲ್ಲಿ ಈ ಉಡುಗೊರೆಗೆ ತೆರಿಗೆ ಇಲ್ಲ. ಬ್ಯಾಂಕ್ ಮಾತ್ರ ಇದು ಸಾಲವಲ್ಲ, ಉಡುಗೊರೆ ಎಂಬ ಪತ್ರ ಕೇಳುತ್ತದೆ, ಡೌನ್ ಪೇಮೆಂಟಿನ ಹಣಕ್ಕೆ 90 ದಿನದ ಖಾತೆ ವಿವರವನ್ನೂ ಕೇಳುತ್ತದೆ.

ತೋಟ ಮಾರಿ ಕಳುಹಿಸಬೇಕೇ? ಬೇಡ ಎನ್ನುತ್ತೇನೆ. ಅನಿವಾಸಿ ಭಾರತೀಯರು ಕೃಷಿ ಭೂಮಿಯನ್ನಾಗಲಿ ಪ್ಲಾಂಟೇಶನ್‌ಗಳನ್ನಾಗಲಿ ಕೊಳ್ಳುವಂತಿಲ್ಲ ಎನ್ನುತ್ತದೆ ಭಾರತದ ವಿದೇಶಿ ವಿನಿಮಯ ಕಾನೂನು ಫೆಮಾ. ವಾರಸುದಾರರಾಗಿ ಪಡೆಯಬಹುದು, ಇಟ್ಟುಕೊಳ್ಳಬಹುದು. ಅಪ್ಪ ಇಂದು ಮಾರಿದ ಎರಡು ಎಕರೆಯನ್ನು ನಾಳೆ ನೀವು ಕೆನಡಾದಲ್ಲಿ ಎಷ್ಟೇ ದುಡಿದರೂ ಅನಿವಾಸಿಯಾಗಿರುವವರೆಗೆ ನಿಮ್ಮ ಹೆಸರಿಗೆ ಮರಳಿ ಕೊಳ್ಳಲಾಗದು. ಡೌನ್ ಪೇಮೆಂಟನ್ನು ಶೇ. 6ರಿಂದ 10ಕ್ಕೆ ಏರಿಸಿದರೆ ವಿಮೆಯ ಪ್ರೀಮಿಯಂ ಶೇ. 4ರಿಂದ 3.1ಕ್ಕೆ ಇಳಿಯುತ್ತದೆ, ಅಷ್ಟೇ. ಎರಡು ವರ್ಷ ತಡವಾಗಿ, ಸ್ವಂತ ಉಳಿತಾಯದಿಂದ, ಸಣ್ಣ ಮನೆ ಕೊಳ್ಳಿ.

ಮರಳುವ ನಿರ್ಧಾರ ಆದವರಿಗೆ ಇನ್ನೊಂದು ವಿಷಯ. ಕೆನಡಾದ ನಿವಾಸಿಯಾಗಿ ವಾಸದ ಮನೆ ಮಾರಿದರೆ ಸಾಮಾನ್ಯವಾಗಿ ಲಾಭಕ್ಕೆ ತೆರಿಗೆ ಇಲ್ಲ, ಆದರೆ ಮಾರಿದ್ದನ್ನು ರಿಟರ್ನಿನಲ್ಲಿ ತೋರಿಸಬೇಕು. ದೇಶ ಬಿಟ್ಟು ಅನಿವಾಸಿಯಾದ ಮೇಲೆ ಮಾರಿದರೆ, ಅಲ್ಲಿನ ಕಂದಾಯ ಸಂಸ್ಥೆಯ ಕ್ಲಿಯರೆನ್ಸ್ ಪ್ರಮಾಣಪತ್ರ ಬರುವವರೆಗೆ ಕೊಳ್ಳುವವರ ವಕೀಲರು ಬೆಲೆಯ ದೊಡ್ಡ ಭಾಗವನ್ನು ತಡೆಹಿಡಿಯುತ್ತಾರೆ. ಸಾಧ್ಯವಾದರೆ ವಿಮಾನ ಹತ್ತುವ ಮೊದಲೇ ಮಾರಾಟ ಮುಗಿಸಿ. ಟರ್ಮ್ ಮುಗಿಯುವ ತಿಂಗಳಿಗೆ ಹೊಂದುವಂತೆ ದಿನ ಗೊತ್ತುಮಾಡಿದರೆ ಸಾಲ ಮುರಿದ ದಂಡವೂ ತಪ್ಪುತ್ತದೆ.