ಚಿಹ್ನೆ ಯಾಕೆ ತಿರುಗುತ್ತದೆ?

ಮೊದಲ ಕೆಲವು ವರ್ಷ ಅಸಮತೆಯ ಪಾಠವನ್ನು ನಾನು ಒಂದೇ ತರಗತಿಯಲ್ಲಿ ಮುಗಿಸಿಬಿಡುತ್ತಿದ್ದೆ. ಸರಳ ಸಮೀಕರಣ ಬಿಡಿಸಲು ಬರುವ ಮಕ್ಕಳಿಗೆ ಇದರಲ್ಲೇನು ಕಷ್ಟ, ಸಮ ಚಿಹ್ನೆಯ ಜಾಗಕ್ಕೆ < ಅಥವಾ > ಬಂತು, ಅಷ್ಟೇ ಅಂದುಕೊಂಡಿದ್ದೆ. ಕೊನೆಗೆ ಒಂದು ಸಾಲು: ಋಣ ಸಂಖ್ಯೆಯಿಂದ ಗುಣಿಸಿದರೆ, ಭಾಗಿಸಿದರೆ ಚಿಹ್ನೆ ತಿರುಗಿಸಿ. ಎಲ್ಲರೂ ಬರೆದುಕೊಳ್ಳುತ್ತಿದ್ದರು. ಪರೀಕ್ಷೆಯಲ್ಲಿ ಎಷ್ಟೋ ಮಕ್ಕಳು ತಿರುಗಿಸುವುದನ್ನೇ ಮರೆಯುತ್ತಿದ್ದರು. ಇನ್ನು ಕೆಲವರು ಬರೀ ಕಳೆಯುವಾಗಲೂ ತಿರುಗಿಸಿಬಿಡುತ್ತಿದ್ದರು.

ಒಮ್ಮೆ ಹುಡುಗಿಯೊಬ್ಬಳು 7 − 2ಕ < 15 ಬಿಡಿಸಿ, ಕ < −4 ಎಂದು ಬರೆದು ತಂದಳು. ತಪ್ಪು ಅನ್ನುವ ಬದಲು, "ನಿನ್ನ ಉತ್ತರಕ್ಕೆ ಹೊಂದುವ ಒಂದು ಸಂಖ್ಯೆ ಹೇಳು" ಅಂದೆ. "−5" ಅಂದಳು. ಹಾಕಿ ನೋಡಿದಳು: 7 + 10, ಅಂದರೆ 17. ಅದು 15ಕ್ಕಿಂತ ಕಡಿಮೆಯಲ್ಲ. ಆಮೇಲೆ ತಾನಾಗಿಯೇ 0 ಹಾಕಿದಳು, ಸರಿಹೋಯಿತು. "ಟೀಚರ್, ಉತ್ತರ ಆಚೆ ಬದಿಗೆ ಇದೆ. ಯಾಕೆ?" ಆ ಪ್ರಶ್ನೆಗೆ ನಿಯಮ ಬಿಟ್ಟರೆ ನನ್ನ ಬಳಿ ಬೇರೇನೂ ಇರಲಿಲ್ಲ.

ಈಗ ನಿಯಮಕ್ಕೆ ಮುಂಚೆ ತೆಳು ಕಾಗದದ ಮೇಲೆ ಸಂಖ್ಯಾರೇಖೆ ಎಳೆಸುತ್ತೇನೆ. 2 ಮತ್ತು 5 ಗುರುತಿಸಿ, ಎರಡನ್ನೂ 3 ಮನೆ ಎಡಕ್ಕೆ ಸರಿಸಿ. −1, 2. ಬಲಗಡೆ ಇದ್ದದ್ದು ಬಲಗಡೆಯೇ ಉಳಿಯಿತು. ಹಾಗಾಗಿ ಕೂಡಿದರೂ ಕಳೆದರೂ ಚಿಹ್ನೆ ಕದಲುವುದಿಲ್ಲ. ಇನ್ನು −1ರಿಂದ ಗುಣಿಸುವುದು: ಕಾಗದವನ್ನು ಸೊನ್ನೆಯ ಬಳಿ ಮಡಚಿ ಬೆಳಕಿಗೆ ಹಿಡಿಯಿರಿ ಅನ್ನುತ್ತೇನೆ. 2 ಹೋಗಿ −2ರ ಮೇಲೆ, 5 ಹೋಗಿ −5ರ ಮೇಲೆ ಕೂರುತ್ತದೆ. ಸೊನ್ನೆಯಿಂದ ಹೆಚ್ಚು ದೂರ ಇದ್ದದ್ದು ಈಗಲೂ ದೂರವೇ, ಆದರೆ ಎಡಕ್ಕೆ. ಅದಕ್ಕೇ ದೊಡ್ಡದು ಚಿಕ್ಕದಾಯಿತು. −2ರಿಂದ ಭಾಗಿಸುವುದೂ ಇದೇ, ಮಡಚಿ ಅರ್ಧಕ್ಕೆ ಕುಗ್ಗಿಸಿದ ಹಾಗೆ.

ನನಗೆ ಇನ್ನೂ ಇಷ್ಟವಾದ ದಾರಿ ಒಂದಿದೆ. ಆ ಹುಡುಗಿಯ ಲೆಕ್ಕವನ್ನೇ ತೆಗೆದುಕೊಂಡು ಎರಡೂ ಕಡೆ 2ಕ ಕೂಡಿ: 7 < 15 + 2ಕ. ಎರಡೂ ಕಡೆ 15 ಕಳೆಯಿರಿ: −8 < 2ಕ. 2ರಿಂದ ಭಾಗಿಸಿ: −4 < ಕ. ಎಲ್ಲೂ ಚಿಹ್ನೆ ಮುಟ್ಟಲಿಲ್ಲ, ಆದರೂ ಬಂದದ್ದು ಕ > −4. ಇದನ್ನು ನೋಡಿದ ಮೇಲೆ ಮಕ್ಕಳು ನಿಯಮವನ್ನು ಅನುಮಾನಿಸುವುದಿಲ್ಲ. ಬಲದಿಂದ ಎಡಕ್ಕೆ ಓದುವಾಗ ಕೆಲವರು ತಡವರಿಸುತ್ತಾರೆ, ಅದಕ್ಕೆ ಬಾಯಿಬಿಟ್ಟು ಓದಿಸುತ್ತೇನೆ.

ರೇಖೆಯ ಮೇಲೆ −4ಕ್ಕೆ ಖಾಲಿ ವೃತ್ತ, ≤ ಇದ್ದಿದ್ದರೆ ತುಂಬಿದ ವೃತ್ತ. ಲೆಕ್ಕದ ಕೆಳಗೆ ಮೂರು ತಾಳೆ ಬರೆಸುತ್ತೇನೆ: ಉತ್ತರದ ಒಳಗಿನ ಒಂದು ಸಂಖ್ಯೆ, ಹೊರಗಿನ ಒಂದು, ಮತ್ತೆ ಆ ಗಡಿ ಸಂಖ್ಯೆ. ಗಡಿಯಲ್ಲಿ ಎರಡೂ ಕಡೆ 15 ಬಂದಾಗ, ವೃತ್ತ ಯಾಕೆ ಖಾಲಿ ಎಂದು ಅವರೇ ಹೇಳುತ್ತಾರೆ.